ಜಪಾನಿ ಕಾವಲುಗಾರನಿಗೆ ವನ್ಸ್ ಮೋರ್

ಲಂಡನ್ನಿನ ಪಿನ್ನರ್‌ನಲ್ಲಿ ನೆಲೆಸಿರುವ ನಮ್ಮ ವಿಜಯಪುರದ ಕಾಕಾ ನನ್ನನ್ನು ಅಕ್ಸ್‌ಬ್ರಿಡ್ಜ್‌ನ ಒಂದು ಸಣ್ಣ ಹಾಲ್‌ಗೆ ಹಳೆಯ ಜಪಾನಿ ಸಿನಿಮಾ ತೋರಿಸಲು ಕರೆತಂದಿದ್ದರು. ಪರದೆಯ ಮೇಲೆ ಕಾವಲುಗಾರನೊಬ್ಬ ಕತ್ತಿಯೇಟು ತಿಂದು, ಕಂಬ ತಬ್ಬಿ, ನಿಧಾನವಾಗಿ ಜಾರಿ ಸತ್ತ. ಕಾಕಾ ಎದ್ದು ನಿಂತು, "ವನ್ಸ್ ಮೋರ್!" ಎಂದು ಕೂಗಿಬಿಟ್ಟರು.

ಎಲ್ಲರೂ ತಿರುಗಿ ನೋಡಿದರು. "ಕಾಕಾ, ಕೂಡ್ರಿ" ಎಂದು ಅಂಗಿ ಜಗ್ಗಿದೆ.

"ಸುಮ್ನಿರಲೇ, ಎಷ್ಟು ಚಲೋ ಸತ್ತಾನ ನೋಡು!"

ಸಿನಿಮಾ ಮುಗಿದ ಮೇಲೆ ಜಪಾನಿ ಹಿರಿಯರೊಬ್ಬರು ಮಗಳ ಜೊತೆ ನೇರ ನಮ್ಮ ಬಳಿಗೇ ಬಂದರು. ಆ ಕಾವಲುಗಾರ ಇವರೇ, ಅವತ್ತಿನ ಅತಿಥಿ! ಮಗಳು ಇಂಗ್ಲಿಷಿನಲ್ಲಿ ಹೇಳಿದಳು: "ಅಪ್ಪ ಜೀವಮಾನವೆಲ್ಲ ಮಾಡಿದ್ದು ಸಣ್ಣ ಪಾತ್ರಗಳನ್ನೇ. ಹೆಚ್ಚಿನ ಸಿನಿಮಾಗಳಲ್ಲಿ ಬೇಗ ಸಾಯುತ್ತಾರೆ. ನೀವು ಯಾಕೆ ಕೂಗಿದಿರಿ ಅಂತ ಕೇಳುತ್ತಿದ್ದಾರೆ."

ಕಾಕಾ ಕೈಮುಗಿದು ವಿವರಿಸಿದರು. ನಮ್ಮ ಕಡೆ ಕಂಪನಿ ನಾಟಕದಲ್ಲಿ ನಟ ಚೆನ್ನಾಗಿ ಸತ್ತರೆ ಹೀಗೆ ಕೂಗುತ್ತಾರೆ, ಅವನು ಎದ್ದು ಇನ್ನೊಮ್ಮೆ ಸಾಯುತ್ತಾನೆ.

ಮಗಳು ಅದನ್ನು ಜಪಾನಿಯಲ್ಲಿ ಹೇಳಿದಳು. ಹಿರಿಯರು ಕೋಟು ಬಿಚ್ಚಿ ಅವಳ ಕೈಗೆ ಕೊಟ್ಟರು. ಬಾಗಿಲ ಬಳಿಯ ಕಂಬ ತಬ್ಬಿ, ನಿಧಾನವಾಗಿ ಜಾರಿ, ಕಾರ್ಪೆಟ್ಟಿನ ಮೇಲೆ ಸತ್ತರು.

ಕಾಕಾ ಗಾಬರಿಯಿಂದ ಎಬ್ಬಿಸಲು ಕೈ ಚಾಚಿದರು. ಹಿರಿಯರು ಕೈ ಹಿಡಿಯಲಿಲ್ಲ. ಒಂದು ಕಣ್ಣು ತೆರೆದು, ಕೂಗು ಬರುವುದನ್ನೇ ಕಾಯುತ್ತಿದ್ದರು.