ಬಾಳು ಕೊಟ್ಟವರ ಹೆಂಡತಿ

ಚಿಂತಾಮಣಿಯಲ್ಲಿ ಕಾಲೇಜಿಗೆ ಹೋಗುವಾಗ ಪಾಠಕ್ಕಿಂತ ನಾನು ಕಾದಂಬರಿ ಓದಿದ್ದೇ ಹೆಚ್ಚು. ಅವುಗಳಲ್ಲಿ ಕಾಲು ಜಾರಿದ ಹುಡುಗಿಗೆ ಎರಡೇ ದಾರಿ. ಒಂದೋ ಕೆಮ್ಮಿ ಕೆಮ್ಮಿ ಸಾಯಬೇಕು, ಇಲ್ಲವೇ ಕೊನೆಯ ಪುಟದಲ್ಲಿ ದೊಡ್ಡ ಮನಸ್ಸಿನವನೊಬ್ಬ ಬಂದು ಕೈ ಹಿಡಿಯಬೇಕು. ಅವಳು ಅವನ ಪಾದಕ್ಕೆ ಬೀಳುತ್ತಾಳೆ, ಅವನು ಭುಜ ಹಿಡಿದು ಎತ್ತುತ್ತಾನೆ, ಕಥೆ ಮುಗಿಯುತ್ತದೆ. ಬಸ್ಸಿನಲ್ಲಿ ಕೂತು ಅಳುತ್ತಾ ಓದುತ್ತಿದ್ದೆ. ಮಾರನೆಯ ದಿನ ಆ ಮನೆಯಲ್ಲಿ ಸಾರು ಯಾರು ಮಾಡಿದರು ಎಂದು ಒಂದು ಪುಸ್ತಕದಲ್ಲೂ ಇರಲಿಲ್ಲ.

ಆಮೇಲೆ ನಾನೇ ಒಬ್ಬನ ಜೊತೆ ಗೌರಿಬಿದನೂರಿಗೆ ಓಡಿಹೋದೆ. ತಾಳಿ ಕಟ್ಟುತ್ತೇನೆ ಎಂದವನು ಬೇಸಿಗೆಯೆಲ್ಲ ಬಾಡಿಗೆ ಕೋಣೆಯಲ್ಲಿಟ್ಟು, ಮಳೆಗಾಲಕ್ಕೆ ಫೋನ್ ಸ್ವಿಚ್ ಆಫ್ ಮಾಡಿಕೊಂಡ. ಅಣ್ಣ ಬಂದು ಕರೆದುಕೊಂಡು ಹೋದ. ಬಸ್ಸಿನಲ್ಲಿ ಕಿಟಕಿ ಪಕ್ಕದ ಸೀಟನ್ನು ನನಗೇ ಬಿಟ್ಟುಕೊಟ್ಟ. ಬೈದಿದ್ದರೆ ಚೆನ್ನಾಗಿತ್ತು.

ಕೆಲವು ವರ್ಷ ಕಳೆದ ಮೇಲೆ ದಿಬ್ಬೂರಹಳ್ಳಿ ಕಡೆಯ ರೇಷ್ಮೆ ಬೆಳೆಯುವ ಮನೆಯವರೊಬ್ಬರು ಎಲ್ಲ ತಿಳಿದೇ ನನ್ನನ್ನು ಮದುವೆಯಾಗಲು ಒಪ್ಪಿದರು. ಅವರ ತಾಯಿ ಒಪ್ಪಿರಲಿಲ್ಲ, ಸುಮ್ಮನಾದರು ಅಷ್ಟೇ. ಧಾರೆ ಮುಗಿಯುತ್ತಿದ್ದಂತೆ ನಾನು ಓದಿದ್ದೆಲ್ಲ ನೆನಪಾಗಿ, ಮಂಟಪದಲ್ಲೇ ಅವರ ಪಾದದ ಮೇಲೆ ತಲೆಯಿಟ್ಟು ಗೊಳೋ ಎಂದು ಅತ್ತುಬಿಟ್ಟೆ. ಅವರು ಗಾಬರಿಯಾಗಿ ಹಿಂದಕ್ಕೆ ಸರಿದರು.

“ಏಳಮ್ಮ, ಎಲ್ರೂ ನೋಡ್ತಾವ್ರೆ.”

ಭುಜ ಹಿಡಿದು ಎತ್ತಲಿಲ್ಲ. ವಿಡಿಯೋದವನು ಮಾತ್ರ ಕ್ಯಾಮೆರಾ ಹಿಡಿದು ಹತ್ತಿರ ಬಂದ. ಆ ವಿಡಿಯೋ ನಾನು ಇವತ್ತಿಗೂ ನೋಡಿಲ್ಲ. ನೆಂಟರೆಲ್ಲ ನೋಡಿದ್ದಾರೆ.

ಅಂದಿನಿಂದ ಅವರು ಊರಿಗೆಲ್ಲ ‘ಬಾಳು ಕೊಟ್ಟವರು’. ಯಾರ ಮನೆಗೆ ಅರಿಶಿನ ಕುಂಕುಮಕ್ಕೆ ಹೋದರೂ, “ನಿನ್ ಗಂಡ ದೇವ್ರಂಥೋನು ಕಣಮ್ಮ” ಅನ್ನುವವರು ಒಬ್ಬರಾದರೂ ಇರುತ್ತಿದ್ದರು. ನಾನು ತಲೆ ತಗ್ಗಿಸಿ ನಗುತ್ತಿದ್ದೆ. ದೇವರಂಥವರು ಗೊರಕೆ ಹೊಡೆಯುತ್ತಾರೆ, ಒದ್ದೆ ಟವೆಲ್ಲನ್ನು ಕಂಡಕಂಡಲ್ಲಿ ಎಸೆಯುತ್ತಾರೆ. ಬಾಳು ಕೊಟ್ಟವರನ್ನು ಒಂದು ಟವೆಲ್ಲಿಗಾಗಿ ಬೈಯುವುದು ಹೇಗೆ? ಊಟಕ್ಕೆ ಉಪ್ಪು ಕಡಿಮೆಯಾದರೂ ನಾನೇ ಮೊದಲು “ತಪ್ಪಾಯ್ತು” ಅನ್ನುತ್ತಿದ್ದೆ. ನನ್ನೊಳಗಿರುವುದು ಪ್ರೀತಿಯೋ ಬರೀ ಉಪಕಾರ ಸ್ಮರಣೆಯೋ ಎಂದು ನನಗೇ ಗೊತ್ತಿಲ್ಲವಲ್ಲ ಎಂದು ನಾಚಿಕೆಯಾಗುತ್ತಿತ್ತು.

ಅತ್ತೆ ಕೆಟ್ಟವರಲ್ಲ. ಆದರೆ ಹುಳು ಸಾಕುವ ಮನೆಯೊಳಗೆ ನಾನು ಕಾಲಿಡುವಂತಿರಲಿಲ್ಲ. ರೇಷ್ಮೆ ಹುಳಕ್ಕೆ ಮೈಲಿಗೆ ಆಗದೆಂದು ನಮ್ಮ ಕಡೆ ಮುಟ್ಟಾದ ಹೆಂಗಸರು ಅಲ್ಲಿಗೆ ಹೋಗುವುದಿಲ್ಲ. ಉಳಿದವರಿಗೆ ಅದು ತಿಂಗಳಲ್ಲಿ ಕೆಲವು ದಿನ, ನನಗೆ ಮಾತ್ರ ವರ್ಷವೆಲ್ಲ. ಹಿಪ್ಪುನೇರಳೆ ಸೊಪ್ಪು ಕೊಯ್ದು ತಂದು ಹೊಸ್ತಿಲ ಹೊರಗಿಟ್ಟು ನಿಲ್ಲುತ್ತಿದ್ದೆ. ಗಂಡ ಎತ್ತಿಕೊಂಡು ಹೋಗುವಾಗ ನನ್ನ ಮುಖ ನೋಡುತ್ತಿರಲಿಲ್ಲ.

ಹೋದ ವರ್ಷ ಒಂದು ಬೆಳೆಯ ಹುಳವೆಲ್ಲ ಒಟ್ಟಿಗೇ ಹಣ್ಣಾಯಿತು. ಹಣ್ಣಾದ ಹುಳ ಸೊಪ್ಪು ಬಿಟ್ಟು ತಲೆ ಆಡಿಸುತ್ತದೆ. ಆಗಲೇ ಆಯ್ದು, ಗೂಡು ಕಟ್ಟಲೆಂದು ಬಿದಿರಿನಲ್ಲಿ ಹೆಣೆದ ಚಂದ್ರಿಕೆಗೆ ಬಿಡದಿದ್ದರೆ ನೂಲೆಲ್ಲ ಹಾಳು. ಪೆರೇಸಂದ್ರದಿಂದ ಆಳುಗಳನ್ನು ತರುತ್ತಿದ್ದ ಆಟೋ ದಾರಿಯಲ್ಲೇ ಕೆಟ್ಟು ನಿಂತಿತ್ತು. ಗಂಡ ಒಳಗೆ, “ಅಮ್ಮಾ, ಅವ್ಳು ಬರ್ಲಿ” ಅಂದದ್ದು ನನಗೆ ಕೇಳಿಸಿತು. ಆಮೇಲೆ ಅತ್ತೆಯ ದನಿ ಬಂತು:

“ಕೈ ತೊಳ್ಕೊಂಡು ಬರಾಕೆ ಹೇಳು.”

ಒಳಗೆ ಹೋಗುವವರೆಲ್ಲ ಬಾಗಿಲಲ್ಲಿಟ್ಟ ಬ್ಲೀಚಿಂಗ್ ನೀರಿನಲ್ಲಿ ಕೈ ತೊಳೆಯಬೇಕು. ನಾನೂ ತೊಳೆದೆ. ಸಾಲದು ಅನ್ನಿಸಿತು. ಉಗುರಿನ ಸಂದಿ ಉಜ್ಜಿದೆ, ಮೊಣಕೈವರೆಗೂ ಉಜ್ಜಿದೆ, ಕಾಲಿಗೆ ಸುರಿದುಕೊಂಡೆ, ಮತ್ತೆ ಕೈಗೆ ಬಂದೆ. ಚರ್ಮ ಉರಿಯುತ್ತಿತ್ತು. ಅಳು ಬಂತು. ಒಳಗೆ ಹೋಗಲು ಧೈರ್ಯವಾಗಲಿಲ್ಲ.

ಅತ್ತೆ ಬಾಗಿಲಿಗೆ ಬಂದು ನೋಡುತ್ತಾ ನಿಂತರು. ಕೋಪ ಬಂದರೂ ಅಕ್ಕರೆ ಬಂದರೂ ಅವರ ಮಾತಿಗೆ ತೆಲುಗು ಬೆರೆಯುವುದು.

“ಏಂಟಮ್ಮಾ ಇದು! ಎಷ್ಟು ತೊಳ್ಕೊತೀಯ? ಅಲ್ಲೇನೈತೆ ತೊಳ್ಯಾಕೆ? ಚಾಲು, ರಾ.”

ಸಾಕು, ಬಾ ಅಂದರು. ಹೋದೆ. ಮೂವರೂ ಬಗ್ಗಿದ ಬೆನ್ನು ಎತ್ತದೆ ಹುಳ ಆಯ್ದೆವು. ಮಧ್ಯೆ ಗಂಡ ಮುಖ ಒರೆಸಿಕೊಂಡು ಒದ್ದೆ ಟವೆಲ್ಲನ್ನು ಚಂದ್ರಿಕೆಯ ಮೇಲೇ ಎಸೆದರು. ಗೂಡು ಕಟ್ಟುವ ಹುಳಕ್ಕೆ ತೇವ ಆಗದು.

“ರೀ! ತಲೆಗಿಲೆ ಕೆಟ್ಟೈತಾ? ತೆಗೀರಿ ಅದನ್ನ!”

ನನ್ನ ದನಿ ನನಗೇ ಗುರುತಾಗಲಿಲ್ಲ. ಅತ್ತೆ ತಲೆಯೆತ್ತಿ ನೋಡಿದರು. ನಾನು ನಾಲಿಗೆ ಕಚ್ಚಿಕೊಂಡೆ. ಗಂಡ ಟವೆಲ್ ತೆಗೆದು ಹೆಗಲಿಗೆ ಹಾಕಿಕೊಂಡು, ನನ್ನ ಮುಖ ನೋಡಿ ಅಂದರು:

“ತಪ್ಪಾಯ್ತು ಕಣೇ.”

ಆ ಮನೆಯಲ್ಲಿ ಅಷ್ಟು ವರ್ಷ ಆ ಮಾತು ಹೇಳುತ್ತಿದ್ದವಳು ನಾನೊಬ್ಬಳೇ.