ಹೊಳೆ ದಾಟದ ಫ್ಯೂಸು

ಸುಟ್ಟ ಫ್ಯೂಸನ್ನು ನಮ್ಮ ಮಾಯಪ್ಪ ಕಾಕಾ ಬಿಸಿಲಿಗೆ ಎತ್ತಿ ಹಿಡಿದು, ಒಂದು ಕಣ್ಣು ಮುಚ್ಚಿ ನೋಡುತ್ತಿದ್ದ. ನಮ್ಮ ಮೂಲ ಊರಾದ ದತ್ತವಾಡದಲ್ಲಿ ಅಜ್ಜ ಕುರಿಯ ತುಟಿ ಎತ್ತಿ ಹಲ್ಲು ನೋಡುತ್ತಿದ್ದದ್ದೂ ಹೀಗೆಯೇ. ಅಜ್ಜ ಹಲ್ಲು ನೋಡಿ ಕುರಿಯ ವಯಸ್ಸು ಹೇಳುತ್ತಿದ್ದ. ಕಾಕಾ ಫ್ಯೂಸು ನೋಡಿ ಅದರ ಕೊನೆಗಳಿಗೆಯನ್ನು ಹೇಳುತ್ತಿದ್ದ. "ಪಾಪ, ಭಾಳ ತ್ರಾಸ ಪಡಲಿಲ್ಲ. ಒಮ್ಮಿಗೇ ಹೋಗೈತಿ." ಆಮೇಲೆ ಅದನ್ನು ಅಂಗೈಯಲ್ಲಿಟ್ಟುಕೊಂಡು ಎಲ್ಲರ ಮುಂದೆಯೂ ಹಿಡಿಯುತ್ತಿದ್ದ, ನಾವು ನೋಡಲೇಬೇಕಿತ್ತು. ನಮ್ಮವ್ವ ಮಾತ್ರ ಮುಖ ತಿರುಗಿಸಿ ನಿಲ್ಲುತ್ತಿದ್ದಳು. "ವೈನೀ, ನಮ್ಮ ಸಲುವಾಗಿ ಸುಟ್ಟೈತ್ರಿ. ಒಂದ್ ಸಲ ಮಾರಿ ನೋಡ್ರಿ," ಎಂದು ಕಾಕಾ ಗೋಗರೆಯುತ್ತಿದ್ದ. ಅವ್ವ ಒಮ್ಮೆಯೂ ನೋಡಲಿಲ್ಲ.

ಕಾರಿನ ಫ್ಯೂಸು ನೋಡದವರಿಗೆ ಹೇಳುತ್ತೇನೆ. ಬೆರಳಿನ ಉಗುರಿನಷ್ಟು ಬಣ್ಣದ ಪ್ಲಾಸ್ಟಿಕ್ಕು, ಅದಕ್ಕೆ ಎರಡು ಚಪ್ಪಟೆ ಕಾಲು, ನಡುವೆ ತೆಳ್ಳಗಿನ ಒಂದು ಲೋಹದ ಎಳೆ. ಕರೆಂಟು ಮಿತಿ ಮೀರಿದರೆ ಆ ಎಳೆ ಕರಗಿ ತುಂಡಾಗುತ್ತದೆ, ಉಳಿದ ವೈರು ಸುಡದೆ ಬಚಾವಾಗುತ್ತದೆ. ನಾನು ಕಾಗಲದ ಶಾಲೆಯೊಂದರಲ್ಲಿ ವಿಜ್ಞಾನ ಕಲಿಸುವವಳು, ಮಕ್ಕಳಿಗೆ ಇಷ್ಟು ಹೇಳಿ ಮುಂದಿನ ಪಾಠಕ್ಕೆ ಹೋಗುತ್ತೇನೆ. ಕಾಕಾನಿಗೆ ಇಷ್ಟು ಸಾಲುತ್ತಿರಲಿಲ್ಲ.

ಅವನು ಅಪ್ಪನ ತಮ್ಮ. ಮದುವೆಯಾಗಲಿಲ್ಲ, ನಮ್ಮ ಜೊತೆಯಲ್ಲೇ ಇದ್ದ. ಮಹಾರಾಷ್ಟ್ರದ ಇಚಲಕರಂಜಿಯಲ್ಲಿ ಅವನದೊಂದು ವೈಂಡಿಂಗ್ ಅಂಗಡಿ. ಮಗ್ಗದ ಮೋಟಾರು ಸುಟ್ಟರೆ ಹಳೆಯ ತಂತಿ ಕಿತ್ತು ಹೊಸ ತಾಮ್ರದ ತಂತಿ ಸುತ್ತಿ ಕೊಡುವ ಕೆಲಸ. ದಿನವಿಡೀ ಮಗ್ಗಗಳ ಖಟಪಟದ ನಡುವೆ ಇದ್ದು ಇದ್ದು, ಗುಟ್ಟು ಹೇಳಿದರೂ ಓಣಿಗೆಲ್ಲ ಕೇಳಿಸುವ ದನಿ ಅವನದಾಗಿತ್ತು. ಮೋಟಾರು ಯಾಕೆ ಸುಟ್ಟಿತೆಂದು ಗಿರಾಕಿ ಕೇಳಿದರೆ ಮರಾಠಿಯಲ್ಲಿ, "ತಿಲಾ ಕಾಳಜಿ ಲಾಗಲೀ ಹೋತಿ," ಎನ್ನುತ್ತಿದ್ದ. ಅದಕ್ಕೆ ಚಿಂತೆ ಹತ್ತಿತ್ತಂತೆ. ಜ್ವರ ಯಾಕೆ ಬರುತ್ತದೆ, ಎಮ್ಮೆ ಯಾಕೆ ಒದೆಯುತ್ತದೆ, ಚುನಾವಣೆಯಲ್ಲಿ ಯಾರು ಯಾಕೆ ಸೋತರು, ಯಾವುದನ್ನು ಕೇಳಿದರೂ ಅವನಲ್ಲಿ ಕಾರಣ ತಯಾರಿರುತ್ತಿತ್ತು. ಗೊತ್ತಿಲ್ಲ ಎಂಬ ಮಾತು ಅವನ ಬಾಯಿಂದ ಬಂದದ್ದನ್ನು ಯಾರೂ ಕೇಳಿರಲಿಲ್ಲ.

ಒಂದು ಸಲ ಮಗ್ಗದ ಶೆಡ್ಡಿನಲ್ಲಿ ಕರೆಂಟು ಅವನನ್ನು ಎತ್ತಿ ಒಗೆದಿತ್ತು. ನೂಲಿನ ಮೂಟೆಗಳ ಮೇಲೆ ಬಿದ್ದದ್ದರಿಂದ ಉಳಿದ. ಹಾಸಿಗೆಯಲ್ಲಿ ಮಲಗಿಕೊಂಡೇ, ನೋಡಲು ಬಂದವರಿಗೆಲ್ಲ ಆ ಕರೆಂಟನ್ನು ಹೊಗಳಿದ. "ಏನ್ ಜೋರ್ ಅಂತೀರಿ. ಎತ್ತು ಒದ್ದಂಗ ಅಲ್ಲ, ಊರೇ ಒದ್ದಂಗ." ನನ್ನ ಅಜ್ಜಿ, ಅಂದರೆ ಅವನ ತಾಯಿ, ನಾವು ಆಯಿ ಎನ್ನುತ್ತೇವೆ, ಆ ಕೆಲಸ ಬಿಡು ಎಂದು ಕಾಲು ಹಿಡಿಯುವುದೊಂದು ಬಾಕಿ ಇತ್ತು. ಅವನು ಬಿಡಲಿಲ್ಲ. ಆಮೇಲೆ ಆಯಿ ಏನೋ ಹರಕೆ ಹೊತ್ತಳು. ಏನೆಂದು ನಾವು ಕೇಳಲಿಲ್ಲ. ಹರಕೆಯ ವಿಷಯ ಕೇಳಿದರೆ ಅದು ಫಲಿಸುವುದಿಲ್ಲವೆಂದು ನಮ್ಮ ಮನೆಯಲ್ಲಿ ನಂಬಿಕೆ.

ಅಪ್ಪ ಮತ್ತು ಕಾಕಾ ಸೇರಿ ಹಳೆಯ ಬಿಳಿ ಕಾರೊಂದನ್ನು ಕೊಂಡದ್ದು ಅದಾದ ಮೇಲೆ. ಕಾಕಾ ಡ್ರೈವರು. ಹಿಂದೆ ಕೂತರೆ ವಾಂತಿಯಾಗುತ್ತದೆಂದು ಆಯಿ ಅವನ ಪಕ್ಕ. ಅಪ್ಪ, ಅವ್ವ, ನಾನು ಹಿಂದೆ. ಕಾಕಾ ತನ್ನದೇ ವಿದ್ಯೆ ತೋರಿಸಿ ಟೇಪು, ಹಾರ್ನು ಮತ್ತು ಬೀರದೇವರ ಫೋಟೊದ ಮುಂದಿನ ಪುಟ್ಟ ದೀಪ, ಮೂರನ್ನೂ ಒಂದೇ ಫ್ಯೂಸಿಗೆ ಜೋಡಿಸಿದ್ದ. ಆ ಫ್ಯೂಸು ಊರೊಳಗೆ ಎಷ್ಟು ತಿರುಗಿದರೂ ಜಗ್ಗುತ್ತಿರಲಿಲ್ಲ. ಹೊಳೆಯ ಸೇತುವೆ ಬಂತೋ, ಹೋಯಿತು. ಟೇಪು ಹಾಡಿನ ನಡುವೆ ಬಾಯಿ ಮುಚ್ಚುತ್ತಿತ್ತು, ದೇವರಿಗೆ ಕತ್ತಲಾಗುತ್ತಿತ್ತು. ಹಾರ್ನು ಹೋಗಿರುತ್ತಿದ್ದುದರಿಂದ ಅಪ್ಪ ಕಿಟಕಿಯಿಂದ ತಲೆ ಹೊರಗೆ ಹಾಕಿ, ಮುಂದಿನ ಕಬ್ಬಿನ ಟ್ರಾಕ್ಟರಿಗೆ, "ಅಹೋ, ಬಾಜೂಲಾ ವ್ಹಾ," ಪಕ್ಕಕ್ಕೆ ಸರಿಯಿರಿ, ಎಂದು ಕೂಗುತ್ತಿದ್ದ. ಸೇತುವೆ ಮುಗಿಯುವ ತನಕ ನಮ್ಮ ಕಾರಿನ ಹಾರ್ನು ಅಪ್ಪನೇ.

ದತ್ತವಾಡಕ್ಕೆ ಹೋಗುವಾಗ ಇಚಲಕರಂಜಿ ದಾಟಿದ ಕೂಡಲೇ ಪಂಚಗಂಗೆ. ನನ್ನ ಸೋದರತ್ತೆಯನ್ನು ಕೊಟ್ಟಿರುವ ಗಡಹಿಂಗ್ಲಜಕ್ಕೆ ಹೊರಟರಂತೂ ದಾರಿಯುದ್ದಕ್ಕೂ ಹೊಳೆಗಳೇ. ಕಾಕಾ ಪ್ರಯಾಣಕ್ಕೆ ಮುಂಚೆ ಜೇಬಿನ ತುಂಬ ಫ್ಯೂಸು ತುಂಬಿಕೊಳ್ಳುತ್ತಿದ್ದ, ಮಕ್ಕಳಿರುವ ಮನೆಗೆ ಹೊರಟವರು ಪೆಪ್ಪರಮಿಂಟು ತುಂಬಿಕೊಳ್ಳುವಂತೆ.

ಸೇತುವೆ ದಾಟಿ ಗಾಡಿ ನಿಲ್ಲಿಸಿದ ಮೇಲೆ ಅವನ ನಿಯಮಗಳು ಶುರುವಾಗುತ್ತಿದ್ದವು. ಎಲ್ಲರೂ ಇಳಿದು ದೂರದ ಗಿಡದ ಕೆಳಗೆ ಗಾಡಿಗೆ ಬೆನ್ನು ಮಾಡಿ ನಿಲ್ಲಬೇಕು. "ಮಂದಿ ನೋಡಿದ್ರ ಹೊಸಾ ಫ್ಯೂಸ್ ಅಂಜತೈತಿ," ಎನ್ನುತ್ತಿದ್ದ. ಗೇರಿನ ಮುಂದೆ, ಹಿಂದಿನವರು ಸಿಗರೇಟು ಹಚ್ಚಿಕೊಳ್ಳುತ್ತಿದ್ದ ಒಂದು ತೂತಿತ್ತು, ಮೇಲೊಂದು ಮುಚ್ಚಳ. ಈಗ ಎಲ್ಲರೂ ಅದರಲ್ಲಿ ಮೊಬೈಲು ಚಾರ್ಜಿಗೆ ಹಾಕುತ್ತಾರೆ. ನಮ್ಮಲ್ಲಿ ಅದನ್ನು ಮುಟ್ಟುವಂತಿರಲಿಲ್ಲ. ಫ್ಯೂಸು ಹಾಕಿ, ಸತ್ತದ್ದನ್ನು ನಮಗೆ ತೋರಿಸಿ, ಕಾಕಾ ಒಬ್ಬನೇ ಸೇತುವೆಯ ಕಡೆ ವಾಪಸು ನಡೆಯುತ್ತಿದ್ದ. ಎಲ್ಲಿಗೆ ಎಂದರೆ, "ಬ್ರಿಜ್ ಚೆಕ್ ಮಾಡಿ ಬರ್ತೇನಿ." ಬಂದ ಮೇಲೆ ಕಾರಣ ಹೇಳುತ್ತಿದ್ದ.

ಮೊದಲು, ಗಾಳಿಯಲ್ಲಿ ಕಾಕಂಬಿ ಇದೆ ಎಂದ. ಸಕ್ಕರೆ ಕಾರ್ಖಾನೆಯ ಕಾಕಂಬಿಯ ವಾಸನೆ ಹೊಳೆಯ ಮೇಲೆ ನಿಂತು ವೈರಿಗೆ ಅಂಟುತ್ತದಂತೆ. ಕಬ್ಬಿನ ಹಂಗಾಮು ಮುಗಿದ ಮೇಲೂ ಫ್ಯೂಸು ಹೋಯಿತು. ಆಗ, ಸೇತುವೆಯ ಸಂದಿನಲ್ಲಿ ಗಾಡಿ ಎಗರಿದಾಗ ಹಿಂದಿನ ಸೀಟಿನ ಎಡಗಡೆ ಕೂತವರ ಭಾರ ವೈರಿನ ಮೇಲೆ ಬೀಳುತ್ತದೆ ಎಂದ. ಅಲ್ಲಿ ಕೂರುವವಳು ನಮ್ಮವ್ವ. ಆ ಯುಗಾದಿಗೆ ಅವಳು ಅವನಿಗೆ ಹೋಳಿಗೆ ಬಡಿಸಲಿಲ್ಲ, ತಟ್ಟೆ ಮುಂದಿಟ್ಟು ಒಳಗೆ ಹೋದಳು. ಅತ್ಯಂತ ಘನವಾದದ್ದು ಕಾಗಲ ದಾಟಿದ ಮೇಲಿನ ದೂಧಗಂಗೆಯ ಕಾರಣ.

"ಈ ಕಡಿ ದಂಡಿಗೆ ಮಹಾರಾಷ್ಟ್ರದ ಕರೆಂಟ್, ಆ ಕಡಿ ಕರ್ನಾಟಕದ್ದು. ಹೊಳಿ ನಡಕ ಎರಡೂ ಎದರಾ ಎದರ ಬರ್ತಾವ. ಯಾವ್ದೂ ಹಾದಿ ಬಿಡಂಗಿಲ್ಲ. ನಡಕ ಸಿಕ್ಕ ನಮ್ಮ ಬಡ ಫ್ಯೂಸ್ ಏನ್ ಮಾಡೀತು?"

"ಕಾಕಾ, ಕಾರಿನ್ ಬ್ಯಾಟರಿಗೂ ರಸ್ತೆ ಮ್ಯಾಲಿನ ಕಂಬಕ್ಕೂ ಏನ್ ಸಂಬಂಧ?" ಎಂದು ನಾನು ಕೇಳಿದೆ.

"ನಿಮ್ಮ ಪುಸ್ತಕದಾಗ ಹೊಳಿ ಇಲ್ಲ, ಮಂಗಲಾ," ಎಂದ.

ನಾನು ಶಾಲೆಯ ಸ್ಟಾಫ್‌ರೂಮಿನಲ್ಲಿ ಇದನ್ನು ಹೇಳಿ ಎಲ್ಲರನ್ನೂ ನಗಿಸಿದೆ. ನಗು ಹೇಗೋ ಇಚಲಕರಂಜಿಯ ಮಗ್ಗದ ಶೆಡ್ಡುಗಳಿಗೂ ಹಬ್ಬಿತು. ತನ್ನ ಗಾಡಿಯ ಫ್ಯೂಸು ನಿಲ್ಲಿಸಲಾಗದವನು ನಮ್ಮ ಮೋಟಾರು ಏನು ಕಟ್ಟಿಯಾನು ಎಂದು ಹಳೆಯ ಗಿರಾಕಿಯೊಬ್ಬ ಬೇರೆ ಅಂಗಡಿಗೆ ಹೋದ. ಕಾಕಾ ಅಂದು ಊಟಕ್ಕೆ ಕೂತು ಅನ್ನ ಕಲಸುತ್ತಲೇ ಇದ್ದ. ತನ್ನ ಕೆಲಸದ ಹೆಸರೊಂದೇ ಅವನ ಆಸ್ತಿ, ಅದಕ್ಕೇ ಬೆಂಕಿ ಬಿದ್ದಿತ್ತು.

ಆ ಸುಮಾರಿಗೆ ನಾನು ಸ್ಕೂಟಿಯಿಂದ ಬಿದ್ದು ಕಾಲು ಮುರಿದುಕೊಂಡೆ. ಪ್ಲಾಸ್ಟರು ಹಾಕಿದ ಕಾಲನ್ನು ಕೊಲ್ಹಾಪುರದ ಡಾಕ್ಟರಿಗೆ ತೋರಿಸಲು ಎಲ್ಲರೂ ಹೊರಟೆವು, ಆಯಿ ಅಂಬಾಬಾಯಿಯ ದರ್ಶನಕ್ಕೆಂದು. ನನ್ನ ಕಾಲು ತೋರಿಸಿಯಾದ ಮೇಲೆ ಅಪ್ಪ ಗಾಡಿಯನ್ನೂ ದೊಡ್ಡ ಗ್ಯಾರೇಜಿಗೆ ತೋರಿಸಿದ. ಅವರು ಎಲ್ಲ ವೈರು ಬಿಚ್ಚಿ ಕಟ್ಟಿ, ಏನೂ ದೋಷವಿಲ್ಲ ಎಂದರು. ಅಪ್ಪ ಹೊರಡುವಾಗ ಖಡಾಖಂಡಿತವಾಗಿ ಹೇಳಿದ: "ಇನ್ನೊಮ್ಮಿ ಹೋತಂದ್ರ ಈ ಗಾಡಿ ಮಾರೂದ."

ಶಿರೋಳಿಯ ಹತ್ತಿರ ಪಂಚಗಂಗೆಯ ಸೇತುವೆ ಬಂತು. ಆಯಿ ಎಂದಿನಂತೆ ತಲೆಯ ಮೇಲೆ ಸೆರಗು ಎಳೆದುಕೊಂಡು ಹೊಳೆಗೆ ಬಾಗಿದಳು. ಟೇಪು ನಿಂತಿತು.

ಎಲ್ಲರೂ ಇಳಿದು ಗಿಡದ ಕೆಳಗೆ ಹೋದರು. ನಾನು ಪ್ಲಾಸ್ಟರಿನ ಕಾಲನ್ನು ಸೀಟಿನುದ್ದಕ್ಕೆ ಚಾಚಿ ಕೂತಿದ್ದವಳು, ಇಳಿಯುವ ಮಾತೇ ಇರಲಿಲ್ಲ. ಕಾಕಾ ಎರಡು ಸಲ ನನ್ನ ಕಾಲು ನೋಡಿದ. "ಕಣ್ಣ್ ಮುಚ್ಚಿಕೊ," ಎಂದ. ಮುಚ್ಚಿಕೊಂಡಂತೆ ಮಾಡಿದೆ. ಅವನು ಚಾವಿ ತಿರುವಿ ಗಾಡಿ ಬಂದ್ ಮಾಡಿ, ಆ ತೂತಿನ ಮುಚ್ಚಳ ತೆಗೆದು, ಸಣ್ಣ ಮೂತಿಯ ಇಕ್ಕಳ ಇಳಿಸಿ, ಒಳಗಿನಿಂದ ಒಂದು ರೂಪಾಯಿಯ ನಾಣ್ಯ ಎತ್ತಿದ.

ನನ್ನ ತಲೆಯಲ್ಲಿ ಇಡೀ ಪಾಠ ಒಮ್ಮೆಗೇ ಓಡಿತು. ತೂತಿನ ತಳದಲ್ಲಿ ಅದೇ ಫ್ಯೂಸಿನ ಕರೆಂಟು, ತೂತಿನ ಗೋಡೆ ಅರ್ಥಿಂಗು, ನಡುವೆ ನಾಣ್ಯ. ಫ್ಯೂಸು ಹೋಗದೆ ಇನ್ನೇನಾಗಬೇಕು.

"ಆಯಿ ಹಾಕಿದ್ಲಾ?" ಎಂದೆ.

ಕಾಕಾ ಜೀವನದಲ್ಲಿ ಮೊದಲ ಸಲ ಸಣ್ಣ ದನಿಯಲ್ಲಿ ಮಾತಾಡಿದ. "ನನ್ನನ್ನ ಕರೆಂಟ್ ಮುಟ್ಟಬಾರ್ದಂತ ಹೊಳಿಗೆ ಹರಕಿ ಹೊತ್ತಾಳ. ಹೊಳಿ ದಾಟಿದಾಗೊಮ್ಮಿ ಒಂದ್ ರೂಪಾಯಿ. ಮೊದಲ್ನೇ ಸಲ ಎ.ಸಿ. ಹಚ್ಚೇನಂತ ನಾ ಕಿಡಕಿ ಗಾಜ ಇಳಸಾಕ ಬಿಡಲಿಲ್ಲ. ತೂತು ಅಂದಮ್ಯಾಲ ತಳಕ್ಕ ಹಾದಿ ಇದ್ದೇ ಇರ್ತೈತಂತ ಇದರಾಗ ಹಾಕಿದ್ಲು. ಕಿಡಿ ಹಾರ್ತು, ಟೇಪ್ ಬಂದ್ ಆತು. ಹೊಳಿ ಗಂಗವ್ವ ನನ್ನ ಕೈಯಾಗಿಂದನ ತಗೊಂಡ್ಲು, ಹೂಂ ಅಂದ್ಲು ಅಂತ ಎಷ್ಟ್ ಖುಷಿ ಆದ್ಲು ಗೊತ್ತೇನು? ಈಗ ಗಾಜ ಇಳಸಿದ್ರೂ ಹೊರಗ ಒಗಿಯಂಗಿಲ್ಲ."

"ಆ ತೂತಿನ ವೈರ್ ಕಿತ್ತೊಗದ್ರ ಮುಗೀತಲ್ಲ?"

"ಕಿತ್ತಿದ್ದೆ. ಕಿಡಿ ಬರಲಿಲ್ಲ. ಗಂಗವ್ವ ಮುನದಾಳ, ನನ್ನ ಮಗಾ ಉಳಿಯಂಗಿಲ್ಲಂತ ಊಟಾ ಬಿಟ್ಟು ಮಲಗಿದ್ಲು. ಮತ್ತ ಜೋಡಿಸಿದೆ."

"ಅಂದ್ರ ಒಂದ್ ರೂಪಾಯಿನೂ ಹೊಳಿಗೆ ಹೋಗಿಲ್ಲ."

"ಎಲ್ಲಾ ಹೋಗೈತಿ," ಎಂದು ಕಾಕಾ ನಾಣ್ಯವನ್ನು ಮುಷ್ಟಿಯಲ್ಲಿ ಹಿಡಿದು ಸೇತುವೆಯ ಕಡೆ ನಡೆದ. ನಾನು ಹಿಂದಿನ ಗಾಜಿನಿಂದ ನೋಡಿದೆ. ಅವನು ಚಪ್ಪಲಿ ಬಿಟ್ಟು, ಸೇತುವೆಯಂಚಿನ ಕಂಬಿಯ ಹತ್ತಿರ ನಿಂತು, ಕೈ ಚಾಚಿ ನಾಣ್ಯ ಬಿಟ್ಟ. ಲಾರಿಗಳು ಹಾದುಹೋಗುತ್ತಿದ್ದವು, ಅವನು ಕೈಮುಗಿದುಕೊಂಡೇ ಇದ್ದ. ನನಗೆ ಅಳು ಬಂತು. ಕಾಲು ನೋಯುತ್ತಿದೆಯೆಂದು ಗಾಡಿಗೆ ವಾಪಸು ಬಂದ ಅವ್ವನಿಗೆ ಹೇಳಿದೆ.

ವಾಪಸು ಬಂದವನನ್ನು ಅಪ್ಪ ತಡೆದು ನಿಲ್ಲಿಸಿದ. "ಏನ್ ಕಾರಣ, ಹೇಳು ಇವತ್ತ. ಗ್ಯಾರೇಜಿನವ್ರು ಏನೂ ಇಲ್ಲ ಅಂದಾರ."

ಒಂದೇ ಮಾತಿನಲ್ಲಿ ಕಾಕಾ ತನ್ನ ಮಾನ ಉಳಿಸಿಕೊಳ್ಳಬಹುದಿತ್ತು. ಆಯಿ ಪಕ್ಕದಲ್ಲೇ ನಿಂತಿದ್ದಳು. ಕಾಕಾ ಜೇಬಿನ ಫ್ಯೂಸುಗಳಲ್ಲಿ ಕೈಯಾಡಿಸುತ್ತ, "ಗೊತ್ತಿಲ್ಲ, ಅಣ್ಣಾ," ಎಂದ.

ಗಾಡಿಯನ್ನು ಉಳಿಸಿದವಳು ಆಯಿ. "ಹೊಳಿ ಕಂಡಕೂಡ್ಲೇ ಮಾತ್ ನಿಲ್ಲಸಿ ಕೈಮುಗಿಯೂ ಗಾಡಿ ಇದು. ನಿನಕಿಂತಾ ಇದಕ್ಕ ಬುದ್ಧಿ ಐತಿ. ಮಾರೂದ್ ಬ್ಯಾಡ," ಎಂದಳು. ಆಯಿಯ ಮಾತು ಮೀರುವ ಧೈರ್ಯ ಅಪ್ಪನಿಗಿರಲಿಲ್ಲ. ಗಾಡಿ ಉಳಿಯಿತು, ಫ್ಯೂಸು ಹೋಗುತ್ತಲೇ ಇತ್ತು, ಕಾಕಾ ಹೊಸ ಹೊಸ ಕಾರಣ ಹುಡುಕುತ್ತಲೇ ಇದ್ದ. ನಾನು ಮಾತ್ರ ಅವನನ್ನು ಪ್ರಶ್ನೆ ಕೇಳುವುದನ್ನು ಬಿಟ್ಟೆ. ಹೊಳೆಯಲ್ಲಿ ಮೀನು ಉಸಿರು ಬಿಟ್ಟಾಗ ಫ್ಯೂಸಿಗೆ ತೇವ ತಗಲುತ್ತದೆ ಎಂದು ಅವನು ಹೇಳಿದ ದಿನ, ಇದ್ದರೂ ಇರಬಹುದು ಎಂದೆ. ಅಪ್ಪ ನನ್ನನ್ನು ವಿಚಿತ್ರವಾಗಿ ನೋಡಿದ.

ಈಚೆಗೆ ಒಂದು ಬೇಸಿಗೆಯ ಮಧ್ಯಾಹ್ನ ಕಾಕಾ ಉಂಡು ಅಂಗಡಿಯ ಬೆಂಚಿನ ಮೇಲೆ ಮಲಗಿದವನು ಏಳಲಿಲ್ಲ. ಸುದ್ದಿ ಕೇಳಿದಾಗ ಆಯಿ ಅಳಲಿಲ್ಲ. ಡಾಕ್ಟರನ್ನು ಹಿಡಿದು ನಿಲ್ಲಿಸಿ ಒಂದೇ ಪ್ರಶ್ನೆ ಕೇಳಿದಳು. "ಕರೆಂಟ್ ಹಿಡದಿತ್ತೇನ್ರಿ?" ಇಲ್ಲ, ಹೃದಯ ನಿಂತಿತು ಎಂದು ಅವರು ಹೇಳಿದರು. "ಹೊಳಿ ಮಾತ್ ಉಳಸ್ಯಾಳ," ಎಂದಳು ಆಯಿ. ಆಮೇಲೆ ಅತ್ತಳು.

ಗಾಡಿ ನನ್ನ ಕೈಗೆ ಬಂತು. ಅವನು ಹೋದ ಮೇಲೆ ಮೊದಲ ಸಲ ಗಡಹಿಂಗ್ಲಜಕ್ಕೆ ಹೊರಟೆವು. ಆಯಿ ಮುಂದೆ, ಅಪ್ಪ ಅವ್ವ ಹಿಂದೆ. ಹರಕೆ ಹೊತ್ತದ್ದು ಅವನಿಗಾಗಿ, ಇನ್ನು ಅದರ ಗೊಡವೆ ಇಲ್ಲವೆಂದುಕೊಂಡಿದ್ದೆ. ಕಾಗಲ ದಾಟಿ ದೂಧಗಂಗೆಯ ಮೇಲೆ ಬಂದಾಗ ಆಯಿಯ ಕೈ ಸೊಂಟದ ಚಂಚಿಗೆ ಹೋಯಿತು. ಮುಚ್ಚಳ ತೆರೆದ ಸದ್ದು, ಒಂದು ನೀಲಿ ಕಿಡಿ. ಟೇಪು ನಿಂತಿತು, ಬೀರದೇವರಿಗೆ ಕತ್ತಲಾಯಿತು.

ಆಯಿ ನನ್ನ ಕಡೆ ವಾಲಿ ಮೆಲ್ಲಗೆ ಹೇಳಿದಳು. "ಇನ್ನ ನಿನ್ನ ಹೆಸರಿಲೆ. ಗಾಡಿ ನೀ ನಡಸ್ತಿ ಅಲ್ಲ."

ಸೇತುವೆ ದಾಟಿ ನಿಲ್ಲಿಸಿದೆ. ಎಲ್ಲರನ್ನೂ ಇಳಿಸಿ ಗಿಡದ ಕೆಳಗೆ ಕಳಿಸಿದೆ. ಅವನ ಇಕ್ಕಳ ಇದ್ದಲ್ಲೇ ಇತ್ತು. ನಾಣ್ಯ ತೆಗೆದು, ಹೊಸ ಫ್ಯೂಸು ಹಾಕಿ, ಸುಟ್ಟದ್ದನ್ನು ಹಿಡಿದುಕೊಂಡು ಅವರ ಹತ್ತಿರ ಹೋದೆ.

"ಅಂವ ಹೋದರೂ ಇದರ ರೋಗ ಹೋಗಲಿಲ್ಲ," ಎಂದ ಅಪ್ಪ. "ಸಾಯನ್ಸ್ ಟೀಚರ್ ನೀ, ನೀನರ ಹೇಳು. ಏನ್ ಕಾರಣ?"

"ಈ ಕಡಿ ಮಹಾರಾಷ್ಟ್ರದ ಕರೆಂಟ್," ಎಂದು ಶುರುಮಾಡಿದೆ, "ಆ ಕಡಿ ಕರ್ನಾಟಕದ್ದು. ಹೊಳಿ ನಡಕ ಎರಡೂ ಎದರಾ ಎದರ ಬರ್ತಾವ."

ನಾನು ಫ್ಯೂಸನ್ನು ಬಿಸಿಲಿಗೆ ಎತ್ತಿ, ಒಂದು ಕಣ್ಣು ಮುಚ್ಚಿ ನೋಡಿದೆ. "ಭಾಳ ತ್ರಾಸ ಪಡಲಿಲ್ಲ," ಎಂದೆ. "ಒಮ್ಮಿಗೇ ಹೋಗೈತಿ."

ಅವ್ವ ಮುಂದೆ ಬಂದು ನನ್ನ ಕೈಯಿಂದ ಅದನ್ನು ತೆಗೆದುಕೊಂಡಳು. ಅಂಗೈಯಲ್ಲಿಟ್ಟುಕೊಂಡು ಬಹಳ ಹೊತ್ತು ನೋಡಿದಳು.

ನಾನು ಬ್ರಿಜ್ ಚೆಕ್ ಮಾಡಿ ಬರುತ್ತೇನೆಂದು ಹೇಳಿ ವಾಪಸು ನಡೆದೆ. ಮುಷ್ಟಿಯಲ್ಲಿ ನಾಣ್ಯ ಇನ್ನೂ ಬೆಚ್ಚಗಿತ್ತು.