ಆಟಿಯಲ್ಲಿ ಮುಗಿದ ಅವಧಿ

ಮೊನ್ನೆ ಕಾಪುವಿನ ಕಡಲ ಕರೆಯಲ್ಲಿ ಒಬ್ಬಾತ ಹಳೆಯ ಮರದ ದೋಣಿಗೆ ಗೇರುಬೀಜದ ಸಿಪ್ಪೆಯ ಎಣ್ಣೆ ಬಳಿಯುತ್ತಿದ್ದ. ಮೂಗು ಸುಡುವ ಆ ವಾಸನೆಗೆ ಪಕ್ಕದ ಮನೆಯ ಅಕ್ಕ ನೆನಪಾದರು. ಹಸಿರು ಸೀರೆ, ತಲೆಯ ಮೇಲೆ ಮೀನಿನ ಬುಟ್ಟಿ... ಸೀರೆ ಹಸಿರಾಗಿತ್ತೇ? ಗೊತ್ತಿಲ್ಲ. ಬಣ್ಣವನ್ನು ನಾನೇ ಈಗ ಹಚ್ಚಿರಬೇಕು. ವಾಸನೆ ಮಾತ್ರ ಅಂದಿನದೇ.

ಎಪ್ಪತ್ತರ ದಶಕ. ನಾನು ಅಲ್ಲಿನ ಶಾಲೆಯಲ್ಲಿ ಟೀಚರು, ಅವರ ಪಕ್ಕದ ಬಾಡಿಗೆ ಮನೆಯವಳು. ಗಂಡ ತೀರಿಕೊಂಡ ವರ್ಷ, ಮಳೆಗೆ ಕಡಲು ಕೆರಳಿ ದೋಣಿಗಳನ್ನು ದಡಕ್ಕೆಳೆದು ತೆಂಗಿನ ಮಡಲು ಮುಚ್ಚುವ ಆಟಿ ತಿಂಗಳಲ್ಲಿ, ಅಕ್ಕ ದೋಣಿಯನ್ನೂ ಬಲೆಯನ್ನೂ ಮೈದುನನಿಗೆ ಮಾರಿದರು. ಛಾಪಾ ಕಾಗದದಲ್ಲಿ ಕರಾರಾಯಿತು: ಅರ್ಧ ಹಣ ಆಗಲೇ, ಉಳಿದರ್ಧ ಒಂದು ವರ್ಷದೊಳಗೆ. ಆ ಉಳಿದರ್ಧದಿಂದ ಮಗಳನ್ನು ಉಡುಪಿಯಲ್ಲಿ ಟೀಚರ್ ಟ್ರೈನಿಂಗಿಗೆ ಸೇರಿಸಬೇಕೆಂದು ಅವರ ಆಸೆ. ಗಡುವು ಕಳೆಯಿತು. ಮೈದುನ ಆಗಾಗ ಬಂಗುಡೆ ಮೀನು ತಂದಿಟ್ಟು, "ಕೊಡ್ತೇನೆ ಅತ್ತಿಗೆ, ನಾನೆಲ್ಲಿಗೆ ಓಡಿ ಹೋಗ್ತೇನೆ?" ಎಂದು ನಗುತ್ತಿದ್ದ.

ಹಾಗೇ ವರ್ಷಗಳು ಕಳೆದು ಮತ್ತೊಂದು ಆಟಿಯಲ್ಲಿ ಅವರನ್ನು ಉಡುಪಿಯ ವಕೀಲರಲ್ಲಿಗೆ ಕರೆದೊಯ್ದೆ.

"ಗಡುವಿನ ದಿನದಿಂದ ಮೂರು ವರ್ಷದೊಳಗೆ ದಾವೆ ಹಾಕಬೇಕು. ಇನ್ನು ಕೆಲವೇ ದಿನ ಉಂಟು," ಎಂದರು ವಕೀಲರು. "ಇಲ್ಲವಾದರೆ ಬಾಕಿ ಉಂಟೆಂದು ಅವನು ಒಂದು ಸಾಲು ಬರೆದು ಸಹಿ ಹಾಕಲಿ. ಆ ದಿನದಿಂದ ಪುನಃ ಮೂರು ವರ್ಷ ಸಿಗ್ತದೆ."

"ಅವನು ಮೀನು ಕೊಡ್ತಾನಲ್ವಾ?" ಎಂದರು ಅಕ್ಕ.

"ಮೀನಿನಲ್ಲಿ ಸಹಿ ಉಂಟಾ ಅಮ್ಮಾ?"

ಮರುದಿನ ಅಕ್ಕ ಸಹಿ ಹಾಕಿಸಲು ಕಾಗದ ಹಿಡಿದು ಮೈದುನನ ಮನೆಗೆ ಹೋದರು. ನಾನು ಅಕ್ಕನ ಮನೆಯ ಜಗಲಿಯಲ್ಲಿ ಕಾದೆ. ಹಿಂತಿರುಗಿದಾಗ ಕಾಗದ ಖಾಲಿಯಿತ್ತು. ಒಯ್ದಿದ್ದ ಒಣಮೀನಿನ ಕಟ್ಟು ಕೈಯಲ್ಲಿರಲಿಲ್ಲ.

"ಎಂತ ಆಯಿತು ಅಕ್ಕ?"

"ಒಲೆಯಲ್ಲಿ ಬೆಂಕಿ ಇಲ್ಲ ಟೀಚರ್. ಮಕ್ಕಳು ಹಲಸಿನ ಬೀಜ ತಿಂತಾ ಕೂತಿದ್ದಾರೆ. ಆಟಿಯಲ್ಲಿ ಬಾಕಿ ಕೇಳ್ಲಿಕ್ಕುಂಟಾ?"

"ಹಣ ಅಲ್ಲ ಮಾರಾಯ್ರೇ, ಸಹಿ ಮಾತ್ರ."

"ಎರಡೂ ಒಂದೇ. ದೋಣಿ ನೀರಿಗಿಳಿಯಲಿ."

ಕಡಲಿಗಿಳಿಯಲಾಗದ ಆ ದಿನಗಳಲ್ಲಿ ಆ ಕೇರಿಯಲ್ಲಿ ಯಾರೂ ಯಾರಿಂದಲೂ ಬಾಕಿ ಕೇಳುತ್ತಿರಲಿಲ್ಲ. ಕಾನೂನು ಆಟಿಯ ದಿನಗಳನ್ನೂ ಎಣಿಸಿತು.

ಮಳೆ ಹಿಂದೆ ಸರಿದು ದೋಣಿ ಇಳಿಯಿತು, ಬಲೆ ತುಂಬಿತು. ಅಕ್ಕ ಬಾಕಿ ಕೇಳಿದರು. "ಅವಧಿ ಮುಗಿದಿದೆಯಂತೆ ಅತ್ತಿಗೆ. ಕೋರ್ಟಿಗೆ ಹೋದರೂ ಸಿಗುವುದಿಲ್ಲವಂತೆ," ಎಂದನಂತೆ ಮೈದುನ, ಬಂಗುಡೆ ಇಡುತ್ತಲೇ. ಆ ಬಂಗುಡೆಯನ್ನು ಅಕ್ಕ ಸಾರು ಮಾಡಿದರೋ, ಬೆಕ್ಕಿಗೆಸೆದರೋ... ಎರಡೂ ಚಿತ್ರಗಳು ನನ್ನ ಕಣ್ಣ ಮುಂದಿವೆ. ಒಂದು ಸುಳ್ಳು. ಯಾವುದೆಂದು ತಿಳಿಯದು.

ನನಗೆ ಕಾರ್ಕಳಕ್ಕೆ ವರ್ಗವಾಯಿತು. ಎಂಬತ್ತರ ದಶಕದಲ್ಲಿ ಒಮ್ಮೆ ಕಾಪುವಿಗೆ ಹೋದಾಗ ಅದೇ ಜಗಲಿಯಲ್ಲಿ ಮಗಳು ಮೊರ ಮಡಿಲಲ್ಲಿಟ್ಟುಕೊಂಡು ಬೀಡಿ ಕಟ್ಟುತ್ತಿದ್ದಳು.

"ಅಮ್ಮ ಎಲ್ಲಿ?" ಎಂದೆ.

ಬೆರಳು ನಿಲ್ಲಿಸದೆ, ತಲೆಯೆತ್ತದೆ ಹೇಳಿದಳು: "ಹೋದರು ಟೀಚರ್. ಆಟಿಯಲ್ಲೇ."

ಮೊನ್ನೆ ಎಣ್ಣೆ ಬಳಿಯುತ್ತಿದ್ದವನು ನಾನು ನಿಂತೇ ಇರುವುದನ್ನು ಕಂಡು, "ಯಾರು ಬೇಕಿತ್ತು?" ಎಂದು ಕೇಳಿದ. ಬೇಕಾದವರು ಇಲ್ಲವೆನ್ನಲಿಲ್ಲ. ದೋಣಿ ನೋಡುತ್ತಿದ್ದೇನೆ ಎಂದೆ.